ಸ್ಟೆಪ್ನಿ ಹಾಕಿದ ಮೇಲೆ ಎಷ್ಟು ದೂರ?

ಕಬ್ಬಿನ ಸೀಸನ್ ಶುರುವಾದರೆ ನಮ್ಮ ಕಡೆ ಪಂಚರ್ ಅಂಗಡಿಯವರಿಗೆ ಪುರುಸೊತ್ತೇ ಇರುವುದಿಲ್ಲ. ಜಮಖಂಡಿ, ಮುಧೋಳ, ಅಥಣಿ ರಸ್ತೆಗಳ ತುಂಬ ಎರಡೆರಡು ಟ್ರೇಲರ್ ಎಳೆದುಕೊಂಡು ಟ್ರ್ಯಾಕ್ಟರ್‌ಗಳು ಫ್ಯಾಕ್ಟರಿ ಕಡೆ ಹೊರಟಿರುತ್ತವೆ. ಅವುಗಳಿಂದ ಕಳಚಿದ ಬೋಲ್ಟು, ಪಿನ್ನು, ತಂತಿ ತುಂಡು ರಸ್ತೆ ಅಂಚಿಗೆ ಬಂದು ಕೂತಿರುತ್ತವೆ. ಹಿಂದಿನ ಕಾರಿನವರು ಗಾಡಿ ದಾಟಿಸಲು ಅಂಚಿಗೆ ಇಳಿದರೆ ಏನಾದರೊಂದು ಟಯರಿಗೆ ಚುಚ್ಚುತ್ತದೆ. ಅದು ಎಲ್ಲರಿಗೂ ಗೊತ್ತಿರುವ ಮಾತೇ. ನನ್ನನ್ನು ಕಾಡುತ್ತಿರುವುದು ಅದರ ಮುಂದಿನ ಸಂಗತಿ. ಪಂಚರ್ ಆದ ಕಾರುಗಳು ಆ ತೆಳ್ಳನೆಯ ಸ್ಟೆಪ್ನಿ ಮೇಲೆ ದಿನಗಟ್ಟಲೆ ಓಡಾಡುವುದನ್ನು ಈಗೀಗ ಜಾಸ್ತಿ ನೋಡುತ್ತಿದ್ದೇನೆ. ಈಚೆಗೆ ಜಮಖಂಡಿಯಲ್ಲಿ ಒಂದು ಮದುವೆಗೆ ಹೋದಾಗ ಕಲ್ಯಾಣ ಮಂಟಪದ ಮುಂದೆ ಅಂಥದ್ದೊಂದು ಕಾರು ನಿಂತಿತ್ತು. ಮೂರು ಕಡೆ ಅಗಲವಾದ ಅಲಾಯ್ ಚಕ್ರ, ಹಿಂದಿನ ಎಡಕ್ಕೆ ಸಪೂರ ಕರಿ ಚಕ್ರ. ಅದರ ಮೇಲಿನ ಹಳದಿ ಚೀಟಿಯಲ್ಲಿ ದಪ್ಪಗೆ 80 ಎಂದು ಬರೆದಿತ್ತು. ಆ ಅಂಕಿಯೂ ಅರ್ಧ ಕಾಣದಷ್ಟು ಕೆಸರು ಒಣಗಿ ಗಟ್ಟಿಯಾಗಿತ್ತು. ಅಂದರೆ ಆ ಚಕ್ರ ಹಾಕಿದ್ದು ಆವತ್ತಂತೂ ಅಲ್ಲ. ಡಿಕ್ಕಿ ಬಾಗಿಲ ಮೇಲೆ ಆಲ್ ವೀಲ್ ಡ್ರೈವ್ ಎನ್ನುವ ಬಿಲ್ಲೆ ಬೇರೆ, ಅಂದರೆ ಎಂಜಿನ್ ಬಲ ನಾಲ್ಕೂ ಚಕ್ರಕ್ಕೆ ಹೋಗುವ ಕಾರು. ಈ ಸಣ್ಣ ಚಕ್ರದಿಂದ ಹೆಚ್ಚು ಹಾನಿ ಅಂಥ ಕಾರಿಗೇ. ಅದನ್ನು ನೋಡಿದ ಮೇಲೆ ಊಟಕ್ಕೆ ಕೂತರೂ ಮನಸ್ಸು ಅಲ್ಲೇ ಇತ್ತು. ಕಾರಿನವರು ಯಾರೆಂದು ತಿಳಿದಿದ್ದರೆ ಹೋಗಿ ಹೇಳುತ್ತಿದ್ದೆ.

ಇದರಲ್ಲಿ ಅವರ ತಪ್ಪು ಅಂತ ನನಗೆ ಅನಿಸುವುದಿಲ್ಲ. ನಮ್ಮ ಹಿರಿಯರು ಕಲಿತದ್ದು ಅಂಬಾಸಿಡರ್, ಜೀಪು, ಬೊಲೆರೊಗಳ ಮೇಲೆ. ಅವುಗಳಲ್ಲಿ ಸ್ಟೆಪ್ನಿ ಅಂದರೆ ಉಳಿದ ನಾಲ್ಕರ ಹಾಗೇ ಇರುವ ಐದನೆಯ ಚಕ್ರ. ಹಾಕಿದರೆ ಕೆಲಸ ಮುಗೀತು. ಪಂಚರ್ ತೆಗೆಸುವುದನ್ನು ಮುಂದಿನ ಸಂತೆಗೆ ತಳ್ಳಿದರೂ ನಡೆಯುತ್ತಿತ್ತು. ಆ ರೂಢಿ ಆ ಗಾಡಿಗಳಿಗೆ ಸರಿಯಾಗಿಯೇ ಇತ್ತು. ಗಾಡಿ ಬದಲಾಯಿತು, ರೂಢಿ ಉಳಿಯಿತು. ಈಗಿನ ಬಹಳಷ್ಟು ಕಾರುಗಳಲ್ಲಿ ಕೊಡುವುದು ತಾತ್ಕಾಲಿಕ ಸ್ಟೆಪ್ನಿ. ತೂಕ ಕಡಿಮೆ, ಜಾಗ ಕಡಿಮೆ. ಆಲ್ ವೀಲ್ ಡ್ರೈವ್ ಕಾರಿನಲ್ಲಂತೂ ಡಿಕ್ಕಿಯ ಕೆಳಗೆ ಹಿಂದಿನ ಡಿಫರೆನ್ಷಿಯಲ್ (ಎಡ, ಬಲ ಚಕ್ರಗಳನ್ನು ಬೇರೆ ಬೇರೆ ವೇಗದಲ್ಲಿ ತಿರುಗಲು ಬಿಡುವ ಗೇರುಗಳ ಪೆಟ್ಟಿಗೆ) ಕೂತಿರುತ್ತದೆ, ಪೂರ್ತಿ ಚಕ್ರಕ್ಕೆ ಜಾಗ ಹೊಂದಿಸುವುದು ಕಷ್ಟ. 2014ರಲ್ಲಿ ಡಸ್ಟರ್‌ನಲ್ಲಿ ಆಲ್ ವೀಲ್ ಡ್ರೈವ್ ಬಂದಾಗ ನಮ್ಮ ಕಡೆ ಅದೊಂದು ಅಪರೂಪದ ಗಾಡಿ. ಆಮೇಲೆ ಎಕ್ಸ್‌ಯುವಿ 700, 2022ರಲ್ಲಿ ಗ್ರ್ಯಾಂಡ್ ವಿಟಾರಾ, ಹೈರೈಡರ್ ಬಂದವು. ಈಗ ವಿಜಯಪುರದಲ್ಲೂ ಬಾಗಲಕೋಟೆಯಲ್ಲೂ ಇಂಥ ಕಾರು ಕಣ್ಣಿಗೆ ಬೀಳುತ್ತವೆ. ಅವುಗಳ ಜೊತೆಗೆ ಹೊಸ ತಿಳಿವಳಿಕೆಯೂ ಬರಬೇಕಿತ್ತು, ಅದು ಮಾತ್ರ ಹಿಂದೆ ಉಳಿದಿದೆ.

ಒಂದು ಕಿಲೋಮೀಟರ್‌ಗೆ ಹತ್ತು ಸುತ್ತು

ಸ್ವಲ್ಪ ಲೆಕ್ಕ ಮಾಡೋಣ. 215/60 ಆರ್ 17 ಅಳತೆಯ ಟಯರ್ ತಗೊಳ್ಳಿ. ಅದರ ವ್ಯಾಸ ಸುಮಾರು 690 ಮಿಲಿಮೀಟರ್, ಸುತ್ತಳತೆ ಸುಮಾರು 2167. ಅದರ ಜಾಗಕ್ಕೆ ಟಿ 135/90 ಆರ್ 17 ಅಳತೆಯ ಸ್ಟೆಪ್ನಿ ಬಂತು ಅನ್ನಿ. ಆ 'ಟಿ' ಅಂದರೇ ತಾತ್ಕಾಲಿಕ. ಇದರ ಸುತ್ತಳತೆ ಸುಮಾರು 2120. ವ್ಯತ್ಯಾಸ 47 ಮಿಲಿಮೀಟರ್, ಶೇಕಡಾ 2ಕ್ಕಿಂತ ಸ್ವಲ್ಪ ಜಾಸ್ತಿ. ಎದುರು ನಿಂತು ನೋಡಿದರೆ ಕಣ್ಣಿಗೆ ಹತ್ತುವುದೇ ಇಲ್ಲ. ಆದರೆ ಒಂದು ಕಿಲೋಮೀಟರ್ ಹೋಗಲು ದೊಡ್ಡ ಚಕ್ರ ಸುಮಾರು 461 ಸುತ್ತು ತಿರುಗಿದರೆ ಸ್ಟೆಪ್ನಿ ಸುಮಾರು 472 ಸುತ್ತು ತಿರುಗಬೇಕು. ಹತ್ತು ಸುತ್ತು ಜಾಸ್ತಿ. ವಿಜಯಪುರದಿಂದ ಜಮಖಂಡಿಗೆ ಹೋಗುವಷ್ಟರಲ್ಲಿ ಆರುನೂರು ಸುತ್ತು ದಾಟುತ್ತದೆ.

ಎಡ, ಬಲ ಚಕ್ರಗಳ ನಡುವಿನ ಈ ವ್ಯತ್ಯಾಸವನ್ನು ಆ ಆಕ್ಸಲ್‌ನ ಡಿಫರೆನ್ಷಿಯಲ್ ತಗೊಳ್ಳುತ್ತದೆ. ತಿರುವಿನಲ್ಲಿ ಒಳಗಿನ ಚಕ್ರ ನಿಧಾನ, ಹೊರಗಿನದು ಜೋರು, ಅದಕ್ಕೆಂದೇ ಅದನ್ನು ಮಾಡಿದ್ದು. ಆದರೆ ತಿರುವು ಕೆಲವೇ ಸೆಕೆಂಡಿನ ಮಾತು. ಇಲ್ಲಿ ನೆಟ್ಟಗಿನ ರಸ್ತೆಯಲ್ಲೂ ಒಳಗಿನ ಸಣ್ಣ ಗೇರುಗಳು ಬಿಡುವಿಲ್ಲದೆ ತಿರುಗುತ್ತಿರುತ್ತವೆ. ಮುಂದಿನ ಚಕ್ರಕ್ಕಷ್ಟೇ ಎಂಜಿನ್ ಬಲ ಹೋಗುವ ಕಾರಾದರೆ, ಸ್ಟೆಪ್ನಿಯನ್ನು ಹಿಂದೆ ಹಾಕಿದರೆ ಈ ತಾಪತ್ರಯವೇ ಇಲ್ಲ. ಹಿಂದಿನ ಚಕ್ರಗಳು ಸುಮ್ನೆ ಉರುಳುತ್ತವೆ. ಆಲ್ ವೀಲ್ ಡ್ರೈವ್‌ನಲ್ಲಿ ಹಾಗಲ್ಲ. ಹಿಂದಿನ ಎರಡು ಚಕ್ರಗಳ ಸರಾಸರಿ ವೇಗ ಮುಂದಿನವುಗಳಿಗಿಂತ ಜಾಸ್ತಿಯಾಗುತ್ತದೆ, ಒಂದು ಚಕ್ರದ ಹತ್ತು ಸುತ್ತಿನ ಅರ್ಧ, ಅಂದರೆ ಕಿಲೋಮೀಟರ್‌ಗೆ ಐದು ಸುತ್ತು. ಮುಂದು ಹಿಂದನ್ನು ಜೋಡಿಸುವ ಭಾಗ ಈ ಐದು ಸುತ್ತನ್ನು ನುಂಗಬೇಕು. ಕೆಲವು ಕಾರಿನಲ್ಲಿ ಅಲ್ಲಿ ನಡುವಿನ ಡಿಫರೆನ್ಷಿಯಲ್ ಇರುತ್ತದೆ. ನಮ್ಮಲ್ಲಿ ಸಿಗುವ ಹೆಚ್ಚಿನ ಕಾರುಗಳಲ್ಲಿ ಇರುವುದು ಎಣ್ಣೆಯಲ್ಲಿ ಮುಳುಗಿದ ಕ್ಲಚ್ ಪ್ಲೇಟುಗಳ ಕಟ್ಟು. ಕಂಪ್ಯೂಟರ್ ಬೇಕೆಂದಾಗ ಪ್ಲೇಟುಗಳನ್ನು ಒತ್ತಿ ಹಿಂದಕ್ಕೂ ಬಲ ಕಳಿಸುತ್ತದೆ. ಒತ್ತಿಕೊಂಡಿರುವಾಗಲೇ ಎರಡೂ ಕಡೆ ಬೇರೆ ಬೇರೆ ವೇಗ ಇದ್ದರೆ ಪ್ಲೇಟುಗಳು ಒಂದಕ್ಕೊಂದು ಉಜ್ಜುತ್ತವೆ. ಎಣ್ಣೆ ಕಾಯುತ್ತದೆ. ಇನ್ನೊಂದು ತೊಡಕಿದೆ. ಒಂದು ಚಕ್ರ ಜೋರಾಗಿ ತಿರುಗಿದರೆ ಅದು ಜಾರುತ್ತಿದೆ ಅಂತ ಕಂಪ್ಯೂಟರ್ ತಿಳಿಯಬಹುದು. ಜಾರುವುದನ್ನು ತಡೆಯಲು ಅದು ಇನ್ನೂ ಗಟ್ಟಿಯಾಗಿ ಒತ್ತುತ್ತದೆ. ಆಗ ಬಿಸಿ ಇನ್ನೂ ಜಾಸ್ತಿ.

ಇಷ್ಟೆಲ್ಲ ನಡೆಯುತ್ತಿದ್ದರೂ ಸ್ಟೀರಿಂಗ್ ಹಿಡಿದವರಿಗೆ ಏನೂ ತಿಳಿಯುವುದಿಲ್ಲ. ನನ್ನ ಕಳವಳ ಇರುವುದೇ ಇದರಲ್ಲಿ. ಪಂಚರ್ ಆದರೆ ಕಾರು ಒಂದು ಕಡೆ ಎಳೆಯುತ್ತದೆ, ದಡದಡ ಸದ್ದು ಮಾಡುತ್ತದೆ, ನಿಲ್ಲಿಸಲೇಬೇಕು. ಸ್ಟೆಪ್ನಿ ಹಾಕಿದರೆ ಎಲ್ಲ ಸರಿಯಾದ ಹಾಗೆ ಅನಿಸುತ್ತದೆ. ಕಾರು ಆರಾಮಾಗಿ ಓಡುತ್ತದೆ. ಹಾಳಾಗುವುದು ಕಾಣದ ಜಾಗದಲ್ಲಿ, ನಿಧಾನಕ್ಕೆ. ಅದಕ್ಕೇ ಜನ ದಿನಗಟ್ಟಲೆ ಓಡಿಸುತ್ತಾರೆ.

ಥಾರ್, ಜಿಮ್ನಿ ಇಟ್ಟುಕೊಂಡವರು ಇದನ್ನು ಓದುತ್ತಿದ್ದರೆ ನಿಮ್ಮದು ಬೇರೆ ಲೆಕ್ಕ. ಅವುಗಳ ಹಿಂಬಾಗಿಲಿಗೆ ಪೂರ್ತಿ ಅಳತೆಯ ಚಕ್ರವೇ ಇರುತ್ತದೆ. ಟಾರ್ ರಸ್ತೆಯಲ್ಲಿ 2ಎಚ್‌ನಲ್ಲಿ ಇಟ್ಟರೆ ಮುಂದಿನ ಚಕ್ರಗಳಿಗೆ ಬಲವೇ ಹೋಗುವುದಿಲ್ಲ. ನಾಲ್ಕೂ ಚಕ್ರಕ್ಕೆ ಬಲ ಕೊಡುವ 4ಎಚ್ ಅನ್ನು ಒಣ ಡಾಂಬರಿನ ಮೇಲೆ ಹೇಗೂ ಹಾಕಬಾರದು, ಸವೆದ ಟಯರುಗಳ ನಡುವೆ ಹೊಸದೊಂದು ಬಂದಿದ್ದರಂತೂ ಹಾಕಲೇಬೇಡಿ.

ಉದ್ಯಮಬಾಗ್‌ನಲ್ಲಿ ನೋಡಿದ್ದು

ಬೆಳಗಾವಿಯ ಉದ್ಯಮಬಾಗ್‌ನಲ್ಲಿ ನನಗೆ ಪರಿಚಯದ ಒಂದು ಗ್ಯಾರೇಜ್ ಇದೆ. ಸುತ್ತ ಫೌಂಡ್ರಿ, ಲೇತ್ ಶಾಪುಗಳ ಸದ್ದು. ಅಲ್ಲಿನ ಹಿರಿಯ ಮೆಕ್ಯಾನಿಕ್ ಒಂದು ದಿನ ಕರೆದು ತಗಡಿನ ಟ್ರೇ ಮುಂದಿಟ್ಟರು. ಒಂದು ಕಾರಿನ ಹಿಂದಿನ ಕಪ್ಲಿಂಗ್, ಅಂದರೆ ಮೇಲೆ ಹೇಳಿದ ಕ್ಲಚ್ ಪ್ಲೇಟುಗಳ ಕಟ್ಟು, ಬಿಚ್ಚಿ ಪ್ಲೇಟುಗಳನ್ನು ಸಾಲಾಗಿ ಜೋಡಿಸಿದ್ದರು. ಉಕ್ಕಿನ ಪ್ಲೇಟುಗಳ ಮೇಲೆ ಅಲ್ಲಲ್ಲಿ ನೀಲಿ ಕಲೆ. ಉಕ್ಕು ವಿಪರೀತ ಕಾದರೆ ಮೂಡುವ ಬಣ್ಣ ಅದು. ಅವುಗಳ ನಡುವೆ ಬರುವ ಲೈನಿಂಗ್ ಇರುವ ಪ್ಲೇಟುಗಳು ಕರ್ರಗಾಗಿ, ಉಗುರಿನಿಂದ ಕೆರೆದರೆ ಪುಡಿ ಉದುರುತ್ತಿತ್ತು. "ವಾಸನಿ ನೋಡ್ರಿ ಸರ" ಅಂತ ಎಣ್ಣೆಯ ಡಬ್ಬಿ ಹತ್ತಿರ ತಂದರು. ಮೂಗು ಸುಡುವಂಥ ಕಮಟು. ಹೊಸ ಎಣ್ಣೆಯನ್ನು ಪಕ್ಕದಲ್ಲಿ ಇಟ್ಟು ತೋರಿಸಿದರು, ಜೇನಿನ ಬಣ್ಣ. ಇದು ಮಾತ್ರ ಡಾಂಬರಿನಂತೆ ಕಪ್ಪು.

"ಇದ್ಯಾಕ ಹಿಂಗಾತ್ರಿ?" ಅಂತ ಕೇಳಿದೆ.

"ಸಣ್ಣ ಸ್ಟೆಪ್ನಿ ಮ್ಯಾಲೆ ವಾರಗಟ್ಟಲೆ ಹೊಡದಾರ್ರಿ. ಚೋರ್ಲಾ ಘಾಟ್ ಇಳದು ಗೋವಾಕ್ಕೂ ಹೋಗಿ ಬಂದಾರ. ಆಮ್ಯಾಲೆ ಒಂದ ಹೊಸಾ ಟಯರ್ ಹಾಕಿಸ್ಯಾರ, ಉಳದ ಮೂರು ಸವದದ್ದು. ಎಷ್ಟಂತ ತಡಕೋತದ ಹೇಳ್ರಿ."

ಅವರ ಮಾತಿನಲ್ಲಿ ಸಿಟ್ಟಿರಲಿಲ್ಲ, ಮರುಕ ಇತ್ತು. ಎಂಜಿನ್ ಗಟ್ಟಿಮುಟ್ಟಾಗಿರುವ ಕಾರು, ಒಂದು ಮೊಳೆಯಿಂದ ಶುರುವಾದದ್ದು ಇಲ್ಲಿಗೆ ಬಂದು ಮುಟ್ಟಿತ್ತು. ಪಂಚರ್ ತೆಗೆಸಲು ನೂರಿನ್ನೂರು ರೂಪಾಯಿ ಸಾಕಿತ್ತು. ಕಪ್ಲಿಂಗ್ ಖರ್ಚಿನಲ್ಲಿ ನಾಲ್ಕೂ ಹೊಸ ಟಯರ್ ಹಾಕಿಸಿ ಹಣ ಉಳಿಯುತ್ತಿತ್ತು. ಈ ಅಪಾಯ ಕಂಪನಿಯವರಿಗೆ ಗೊತ್ತಿಲ್ಲದ್ದೇನಲ್ಲ. ಸುಬಾರು ಕಂಪನಿಯ ಹಳೆಯ ಆಟೋಮ್ಯಾಟಿಕ್ ಕಾರುಗಳಲ್ಲಿ ಬಾನೆಟ್ ಕೆಳಗೆ ಒಂದು ಖಾಲಿ ಫ್ಯೂಸ್ ಜಾಗ ಇಟ್ಟಿದ್ದರು. ಸ್ಟೆಪ್ನಿ ಹಾಕಿದಾಗ ಅಲ್ಲಿ ಫ್ಯೂಸ್ ಚುಚ್ಚಿದರೆ ಹಿಂದಿನ ಚಕ್ರಕ್ಕೆ ಬಲ ಹೋಗುವುದು ನಿಲ್ಲುತ್ತಿತ್ತು. ಎಷ್ಟು ಸರಳ ಉಪಾಯ, ಅಲ್ವಾ? ಈಗಿನ ಬಹಳಷ್ಟು ಕಾರುಗಳಲ್ಲಿ ಅಂಥ ಫ್ಯೂಸೂ ಇಲ್ಲ, ಬಟನ್ನೂ ಇಲ್ಲ. ಎಚ್ಚರಿಕೆಯೆಲ್ಲ ಗ್ಲೋವ್ ಬಾಕ್ಸಿನ ಪುಸ್ತಕದಲ್ಲಿ ಮಲಗಿರುತ್ತದೆ.

ಬಬಲೇಶ್ವರ ದಾಟಿದ ಮೇಲೆ

ನಮ್ಮ ಕಾಕಾ ಇಂಥದ್ದೇ ಒಂದು ಕಾರು ಇಟ್ಟಿದ್ದಾರೆ. ಒಮ್ಮೆ ಅವರ ಜೊತೆ ವಿಜಯಪುರದಿಂದ ಬೆಳಗಾವಿಗೆ ಹೊರಟಿದ್ದೆ. ಸಂಜೆ ಮಳೆ ಬಂದು ನಿಂತಿತ್ತು. ಬಬಲೇಶ್ವರ ದಾಟಿ ಜಮಖಂಡಿ ಕಡೆ ಹೋಗುವಾಗ ಮುಂದಿನ ಎಡ ಚಕ್ರ ಕೂತಿತು. ಕಾಕಾ ರಸ್ತೆ ಬಿಟ್ಟು ಪಕ್ಕಕ್ಕೆ ಇಳಿಸಿದರು. ನಮ್ಮ ಎರೆ ಮಣ್ಣು ನಿಮಗೆ ಗೊತ್ತೇ ಇದೆ. ನೆನೆದರೆ ಚಪ್ಪಲಿಯನ್ನೂ ಬಿಡುವುದಿಲ್ಲ. ಅದರ ಮೇಲೆ ಜಾಕ್ ಇಟ್ಟರೆ ಕಾರು ಮೇಲೇಳುವ ಬದಲು ಜಾಕೇ ಒಳಗೆ ಇಳಿಯುತ್ತದೆ, ಓರೆಯಾಗಿ ಕಾರು ಜಾರಿದರೆ ಕೈಕಾಲಿಗೆ ಕುತ್ತು. ಸ್ವಲ್ಪ ಮುಂದೆ ಬಸ್ ತಂಗುದಾಣದ ಎದುರು ಕಾಂಕ್ರೀಟ್ ಹಾಸಿತ್ತು. ನಡೆಯುವ ವೇಗದಲ್ಲಿ ಅಲ್ಲಿಗೆ ತಂದೆವು. ಹ್ಯಾಂಡ್‌ಬ್ರೇಕ್ ಎಳೆದು, ಎತ್ತುವ ಮೂಲೆಯ ಎದುರು ಮೂಲೆಯ ಚಕ್ರಕ್ಕೆ ಕಲ್ಲು ಕೊಟ್ಟೆವು. ಕಾರು ನೆಲದ ಮೇಲೆ ಇರುವಾಗಲೇ ನಟ್‌ಗಳನ್ನು ಸಡಿಲ ಮಾಡಿಕೊಂಡೆವು.

ಕಾಕಾ ಸ್ಟೆಪ್ನಿ ಇಳಿಸಿ ನೇರ ಮುಂದಿನ ಚಕ್ರದ ಜಾಗಕ್ಕೆ ಉರುಳಿಸಿದರು. ನಾನು ತಡೆದೆ. ಪುಸ್ತಕ ತೆಗೆದು ಮೊಬೈಲ್ ಬೆಳಕಿನಲ್ಲಿ ಇಬ್ಬರೂ ಓದಿದೆವು. ಅವರ ಕಾರಿನ ಪುಸ್ತಕ ಹೇಳುತ್ತಿದ್ದುದು ಸ್ಟೆಪ್ನಿ ಹಿಂದಕ್ಕೇ ಹಾಕಬೇಕು ಎಂದು. ಮುಂದಿನದು ಪಂಚರ್ ಆದರೆ ಹಿಂದಿನ ಒಳ್ಳೆಯ ಚಕ್ರ ಬಿಚ್ಚಿ ಮುಂದಕ್ಕೆ, ಸ್ಟೆಪ್ನಿ ಹಿಂದಕ್ಕೆ. ಎರಡು ಸಲ ಜಾಕ್ ಹಾಕುವ ಕೆಲಸ. ಆದರೆ ಕಾರಣ ಗಟ್ಟಿ. ತಿರುಗಿಸುವುದು ಮುಂದಿನ ಚಕ್ರ, ಬ್ರೇಕ್ ಹಾಕಿದಾಗ ಹೆಚ್ಚು ಭಾರ ಬೀಳುವುದೂ ಮುಂದಕ್ಕೆ. ಅಲ್ಲಿ ಸಪೂರ ಟಯರ್ ಇದ್ದರೆ ಹಿಡಿತ ಕಡಿಮೆ. ಹಾಗಂತ ಎಲ್ಲ ಕಾರಿಗೂ ಇದೇ ನಿಯಮ ಅಲ್ಲ. ಹಿಂದೆ ಲಿಮಿಟೆಡ್ ಸ್ಲಿಪ್ ಡಿಫರೆನ್ಷಿಯಲ್ (ಎಡ, ಬಲ ಚಕ್ರಗಳ ವೇಗದ ವ್ಯತ್ಯಾಸಕ್ಕೆ ತಡೆ ಹಾಕುವಂಥದ್ದು) ಇರುವ ಕಾರಿಗೆ ಅಲ್ಲಿ ಸಣ್ಣ ಚಕ್ರ ಹಾಕುವುದೇ ಕೂಡದು. ಅದಕ್ಕೇ ನಿಮ್ಮ ಕಾರಿನ ಪುಸ್ತಕವನ್ನು ಮನೆಯಲ್ಲಿ ಕೂತು ಹಗಲು ಹೊತ್ತಿನಲ್ಲೇ ಒಮ್ಮೆ ಓದಿ ಅನ್ನುವುದು.

ಕೆಲಸ ಮುಗಿಯಿತು. ಕಾಕಾ ಕೈ ಒರೆಸಿಕೊಂಡು, "ನಡೀ ತಮ್ಮಾ, ಇನ್ನ ಸೀದಾ ಬೆಳಗಾವಿ" ಅಂದರು. ಬೆಳಗಾವಿ ಇನ್ನೂ 150 ಕಿಲೋಮೀಟರ್‌ನಷ್ಟು ದೂರ.

"ಬೆಳಗಾವಿತನಕ ಇದರ ಮ್ಯಾಲೆ ಬ್ಯಾಡ್ರಿ ಕಾಕಾ. ಜಮಖಂಡಿಯೊಳಗ ಪಂಚರ್ ತಗಸೂಣು."

"ಯಾಕ, ಗಾಡಿ ಚಂದ ಹೊಂಟೈತಲ್ಲ?"

ಸುತ್ತಿನ ಲೆಕ್ಕವನ್ನು ಅವರಿಗೆ ಬಿಡಿಸಿ ಹೇಳಿದೆ. ಕಾಕಾ ಒಕ್ಕಲುತನದವರು. ಸ್ವಲ್ಪ ಹೊತ್ತು ಸುಮ್ಮನಿದ್ದು, "ಅಂದ್ರ ಒಂದು ಎತ್ತರದ ಎತ್ತು, ಒಂದು ಗಿಡ್ಡ ಎತ್ತು ಒಂದ ನೊಗಕ್ಕ ಕಟ್ಟಿದಂಗಾತು. ಸಂಜಿತನಕ ಹೊಡದ್ರ ಹೆಗಲು ಹುಣ್ಣಾಗ್ತಾವ" ಅಂದರು. ಅದಕ್ಕಿಂತ ಚೆನ್ನಾಗಿ ನನಗೆ ಹೇಳಲು ಬರುತ್ತಿರಲಿಲ್ಲ.

ಡ್ರೈವ್ ಮೋಡನ್ನು ಆಟೋದಲ್ಲೇ ಬಿಟ್ಟೆವು. ಇದು ಮುಖ್ಯ. ಲಾಕ್ ಅಥವಾ ಸ್ನೋ ಮೋಡ್ ಹಾಕಿದರೆ ಮುಂದು ಹಿಂದು ಗಟ್ಟಿಯಾಗಿ ಹಿಡಿದುಕೊಳ್ಳುತ್ತವೆ. ರಸ್ತೆ ಒದ್ದೆ ಇದೆಯಲ್ಲ ಅಂತ ಆ ಹೊತ್ತಿನಲ್ಲಿ ಅದನ್ನು ಹಾಕುವ ಆಸೆ ಆಗುತ್ತದೆ, ಹಾಕಬಾರದು. ಚೀಟಿಯಲ್ಲಿ 80 ಅಂತ ಇದ್ದರೂ ಅದು ದಾಟಬಾರದ ಗೆರೆ. ಅಷ್ಟು ವೇಗದಲ್ಲೇ ಹೋಗಿ ಅಂತ ಅದು ಹೇಳುತ್ತಿಲ್ಲ. ನಾವು ಐವತ್ತರ ಆಚೀಚೆ ಹೋದೆವು. ಆಕ್ಸಿಲರೇಟರ್ ಮೇಲೆ ಹಗುರ ಕಾಲು, ಮುಂದಿನ ಗಾಡಿಯಿಂದ ಜಾಸ್ತಿ ಅಂತರ, ತಗ್ಗು ಕಂಡರೆ ಪೂರ್ತಿ ನಿಧಾನ. ಟಯರ್ ಪ್ರೆಶರ್ ದೀಪ ಉರಿಯುತ್ತಲೇ ಇತ್ತು. ಸ್ಟೆಪ್ನಿಯಲ್ಲಿ ಸೆನ್ಸರ್ ಇಲ್ಲದಿದ್ದರೆ ಅದು ಸಹಜ. ಆದರೆ ಆಲ್ ವೀಲ್ ಡ್ರೈವ್ ಬಿಸಿಯಾಗಿದೆ ಅಂತ ಪರದೆ ಮೇಲೆ ಬಂದರೆ, ಅಥವಾ ಸುಟ್ಟ ವಾಸನೆ ಬಂದರೆ, ಅಲ್ಲೇ ನಿಲ್ಲಿಸಿ ಆರಲು ಬಿಡಬೇಕು. ಆಮೇಲೂ ಆ ಎಚ್ಚರಿಕೆ ಹೋಗದಿದ್ದರೆ ಟೋಯಿಂಗ್ ಕರೆಸಿ. ಅದೂ ನಾಲ್ಕೂ ಚಕ್ರ ಮೇಲೆ ಬರುವ ಹಾಗೆ ಪೂರ್ತಿ ಕಾರನ್ನು ಹೊತ್ತೊಯ್ಯುವ ಗಾಡಿಯೇ ಆಗಬೇಕು. ಮುಂದಿನ ಎರಡನ್ನಷ್ಟೇ ಎತ್ತಿ ಎಳೆದರೆ ಹಿಂದಿನವು ಉರುಳುತ್ತಾ ಒಳಗಿನ ಕಪ್ಲಿಂಗನ್ನು ತಿರುಗಿಸುತ್ತವೆ.

ಜಮಖಂಡಿಯ ಪಂಚರ್ ಅಂಗಡಿ ಇನ್ನೂ ತೆರೆದಿತ್ತು. ಟಯರ್ ಉರುಳಿಸಿ ನೋಡಿದ ಹುಡುಗ ನಡು ಪಟ್ಟಿಯಲ್ಲಿ ಸಿಕ್ಕಿಕೊಂಡಿದ್ದ ಮೊಳೆ ಎಳೆದು ತೆಗೆದ. "ಸ್ಟೆಪ್ನಿ ಚಲೋ ಐತಲ್ರಿ, ಇದನ್ನ ಮುಂಜಾನಿ ಒಯ್ರಿ" ಅಂದ. ಕಾಕಾನೇ ಅವನಿಗೆ ಎತ್ತಿನ ಕತೆ ಹೇಳಿ ಕೂತಲ್ಲೇ ಕೆಲಸ ಮಾಡಿಸಿದರು. ಹೊರಡುವ ಮೊದಲು ನಾಲ್ಕೂ ಚಕ್ರ ಮೊದಲಿನ ಜಾಗಕ್ಕೆ ಬಂದಿದ್ದವು. ಮುಂದಿನ ಊರಲ್ಲಿ ಚಹಾಕ್ಕೆ ನಿಂತಾಗ ನಟ್‌ಗಳಿಗೆ ಮತ್ತೊಮ್ಮೆ ಪಾನಾ ಹಾಕಿ ನೋಡಿದೆವು.

ಹೊರಡುವ ಮೊದಲೇ ಮಾಡಬಹುದಾದದ್ದು

ಸ್ಟೆಪ್ನಿ ಹಾಕುವ ಪ್ರಸಂಗವೇ ಬರದ ಹಾಗೆ ಮಾಡಿದರೆ ಇನ್ನೂ ಒಳ್ಳೆಯದು. ಟ್ಯೂಬ್‌ಲೆಸ್ ಟಯರಿಗೆ ಮೊಳೆ ಹೊಕ್ಕರೆ ಬಹಳ ಸಲ ಹವಾ ಒಮ್ಮೆಲೇ ಹೋಗುವುದಿಲ್ಲ. ಮೊಳೆಯನ್ನು ಕೀಳದೆ, ಸಣ್ಣ ಎಲೆಕ್ಟ್ರಿಕ್ ಪಂಪಿನಿಂದ ಹವಾ ತುಂಬಿಕೊಂಡು ಹತ್ತಿರದ ಅಂಗಡಿ ಮುಟ್ಟಬಹುದು. ನಮ್ಮ ಕಡೆ ಕ್ರಾಸ್ ಕ್ರಾಸಿಗೂ ಪಂಚರ್ ಅಂಗಡಿ ಇರುವಾಗ ಇದು ನಡೆಯುವ ಮಾತು. ಚಕ್ರದ ನಡುಪಟ್ಟಿಯ ತೂತಿಗೆ ರಬ್ಬರ್ ಎಳೆ ತುಂಬುವುದನ್ನು ಸ್ವಲ್ಪ ಅಭ್ಯಾಸ ಮಾಡಿಕೊಂಡರೆ ಚಕ್ರ ಬಿಚ್ಚುವ ಕೆಲಸವೂ ಉಳಿಯುತ್ತದೆ. 2020ರಲ್ಲಿ ಕೇಂದ್ರ ಸರ್ಕಾರ ನಿಯಮ ಬದಲಿಸಿ, ಟ್ಯೂಬ್‌ಲೆಸ್ ಟಯರು, ಪ್ರೆಶರ್ ತಿಳಿಸುವ ವ್ಯವಸ್ಥೆ, ರಿಪೇರಿ ಕಿಟ್ ಮೂರೂ ಇದ್ದರೆ ಕಾರಿಗೆ ಸ್ಟೆಪ್ನಿ ಇಲ್ಲದಿದ್ದರೂ ನಡೆಯುತ್ತದೆ ಅಂದಿತು. ಹಲವರು ಅದಕ್ಕೆ ಬೇಸರ ಮಾಡಿಕೊಂಡರು. ಆಲ್ ವೀಲ್ ಡ್ರೈವ್ ಕಾರಿಗೆ ಆ ಕಿಟ್‌ನಿಂದ ಒಂದು ಲಾಭ ಇದೆ, ಮೂಲ ಟಯರೇ ಉಳಿಯುವುದರಿಂದ ಸುತ್ತಳತೆ ಬದಲಾಗುವುದಿಲ್ಲ. ಪಕ್ಕದ ಗೋಡೆ ಸೀಳಿದರೆ ಮಾತ್ರ ಕಿಟ್ ಕೈಕೊಡುತ್ತದೆ.

ಇನ್ನು ಡಿಕ್ಕಿಯಲ್ಲಿ ಮಲಗಿರುವ ಸ್ಟೆಪ್ನಿಯ ಹವಾ. ತಾತ್ಕಾಲಿಕ ಸ್ಟೆಪ್ನಿಗೆ ಸಾಮಾನ್ಯವಾಗಿ 60 ಪಿಎಸ್‌ಐ ಬೇಕು, ಟಯರಿನ ಮೇಲೇ ಬರೆದಿರುತ್ತದೆ. ಬಂಕಿನಲ್ಲಿ ನಾಲ್ಕಕ್ಕೂ 33 ಹಾಕಿದ ಹುಡುಗ ಡಿಕ್ಕಿ ತೆಗೆದರೆ ಅದಕ್ಕೂ 33 ಹಾಕುತ್ತಾನೆ. ಅರೆ ಹವಾದಲ್ಲಿ ಭಾರ ಬಿದ್ದರೆ ಆ ಸಪೂರ ಟಯರ್ ಅಪ್ಪಚ್ಚಿಯಾಗಿ ಕಾಯುತ್ತದೆ, ಸುತ್ತಳತೆಯ ವ್ಯತ್ಯಾಸವೂ ಬೆಳೆಯುತ್ತದೆ. ವಿಜಯಪುರದ ಬೇಸಿಗೆಯಲ್ಲಿ ಬಿಸಿಲೇ 40 ಡಿಗ್ರಿ ದಾಟುತ್ತದೆ, ರಸ್ತೆ ಅದಕ್ಕಿಂತ ಜಾಸ್ತಿ ಕಾದಿರುತ್ತದೆ. ಪಕ್ಕದ ಗೋಡೆಯ ಮೇಲಿನ ನಾಲ್ಕಂಕಿಯನ್ನೂ ನೋಡಿ. 2319 ಅಂತ ಇದ್ದರೆ 2019ರ 23ನೇ ವಾರ ತಯಾರಾದದ್ದು. ಒಮ್ಮೆಯೂ ರಸ್ತೆಗೆ ಇಳಿಯದಿದ್ದರೂ ರಬ್ಬರಿಗೆ ವಯಸ್ಸಾಗುತ್ತದೆ.

ಕೊನೆಯದಾಗಿ ಹೊಸ ಟಯರ್ ಕೊಳ್ಳುವ ವಿಷಯ, ಯಾಕೆಂದರೆ ಸ್ಟೆಪ್ನಿ ಇಳಿಸಿದ ಮಾತ್ರಕ್ಕೆ ಜೋಡಿ ಸರಿಹೋಯಿತು ಅಂತಲ್ಲ. ಗೋಡೆ ಸೀಳಿ ಒಂದೇ ಟಯರ್ ಹೊಸದು ಹಾಕಿಸಿದಿರಿ ಅನ್ನಿ. ಹೊಸದರ ಗೆರೆ 8 ಮಿಲಿಮೀಟರ್ ಆಳ, ಉಳಿದವು ಸವೆದು 4. ಸುತ್ತಳತೆಯಲ್ಲಿ 25 ಮಿಲಿಮೀಟರ್ ಫರಕು ಬಂತು. ಇದು ಸ್ಟೆಪ್ನಿಯ ಅರ್ಧದಷ್ಟು, ಆದರೆ ಇದರ ಮೇಲೆ ವರ್ಷಗಟ್ಟಲೆ ಓಡುತ್ತೀರಿ. ಸುಬಾರು ತನ್ನ ಕಾರುಗಳಿಗೆ ಸುತ್ತಳತೆಯಲ್ಲಿ ಕಾಲು ಇಂಚು, ಅಂದರೆ 6 ಮಿಲಿಮೀಟರ್ ಚಿಲ್ಲರೆಯಷ್ಟೇ ಫರಕು ಒಪ್ಪುತ್ತದೆ. ಹಾಗಾದರೆ ಎರಡು ಹೊಸದು ತಗೊಂಡು ಒಂದೇ ಆಕ್ಸಲ್‌ಗೆ ಹಾಕಿದರೆ ಸರಿ ಅನಿಸಬಹುದು. ಎಡ, ಬಲದ ಫರಕು ಹೋಗುತ್ತದೆ ನಿಜ, ಆದರೆ ಮುಂದು ಹಿಂದಿನ ಫರಕು ಅರ್ಧದ ಬದಲು ಪೂರ್ತಿ ಬರುತ್ತದೆ. ಕ್ಲಚ್ ಪ್ಲೇಟಿಗೆ ಅದೇ ಹೆಚ್ಚು ಕಷ್ಟ. ದರ್ಜಿಯ ಟೇಪಿನಿಂದ ಟಯರಿನ ನಡುಪಟ್ಟಿಯ ಸುತ್ತ ಅಳೆದರೆ ಇದೆಲ್ಲ ಎರಡು ನಿಮಿಷದಲ್ಲಿ ತಿಳಿಯುತ್ತದೆ. ನಾಲ್ಕೂ ಒಂದೇ ಕಂಪನಿಯದು, ಒಂದೇ ಮಾದರಿಯದು, ಹೆಚ್ಚುಕಡಿಮೆ ಒಂದೇ ಸವೆತದ್ದು ಇರಬೇಕು.

ಕಾಕಾ ಈ ಸಲ ಟಯರ್ ಬದಲಿಸುವಾಗ ಐದು ಕೊಂಡರು, ಐದನೆಯದಕ್ಕೆ ಬೇರೆ ರಿಮ್ಮನ್ನೂ ಹಾಕಿಸಿದರು. ಚಕ್ರ ಅದಲುಬದಲು ಮಾಡಿಸುವಾಗ ಐದನ್ನೂ ಸರದಿಗೆ ಸೇರಿಸುತ್ತಾರೆ, ಹಾಗಾಗಿ ಎಲ್ಲವೂ ಒಟ್ಟಿಗೆ ಸವೆಯುತ್ತವೆ. ಅವರ ಡಿಕ್ಕಿಯ ಗುಂಡಿಯಲ್ಲಿ ಪೂರ್ತಿ ಚಕ್ರ ಕೂರುವುದಿಲ್ಲ. ಮೇಲೆಯೇ ಮಲಗಿಸಿ, ಬ್ರೇಕ್ ಹಾಕಿದಾಗ ಮುಂದಕ್ಕೆ ಬರದ ಹಾಗೆ ಬೆಲ್ಟಿನಿಂದ ಬಿಗಿದಿದ್ದಾರೆ. ಊರಿಂದ ಜೋಳದ ಚೀಲ ತರುವಾಗ ಜಾಗ ಸಾಲುವುದಿಲ್ಲ ಅಂತ ಕಾಕು ಗೊಣಗುತ್ತಾರೆ. ಚೀಲವನ್ನು ಬಸ್ಸಿಗೆ ಹಾಕಿ ಕಳಿಸಿದರಾಯಿತು ಅನ್ನುತ್ತಾರೆ ಕಾಕಾ.